ಹುಬ್ಬು ತಿದ್ದಬಹುದು, ಸೈಕಲ್ ತಿದ್ದೋಕಾಗಲ್ಲ

ಪ್ರಶ್ನೆ: ನಾವು ಪುಣೆಯಲ್ಲಿದ್ದೇವೆ. ಮಗಳಿಗೆ ಏಳು ವರ್ಷ. ಮೊನ್ನೆ ಸೈಕಲ್ ಚೈನ್ ಕಳಚಿಕೊಂಡಾಗ ‘ಅಪ್ಪಾ, ಸೈಕಲ್ ತಿದ್ದಿಕೊಡು’ ಅಂದಳು. ಊರಿಂದ ಬಂದಿದ್ದ ನಮ್ಮಮ್ಮ ಬಿದ್ದು ಬಿದ್ದು ನಕ್ಕರು. ಹಾಗೆ ಹೇಳಬಾರದು ಅಂತ ನನಗೂ ಗೊತ್ತು. ಯಾಕೆ ಅಂತ ಹೇಳಲು ಬರಲಿಲ್ಲ. ನಿಘಂಟು ತೆಗೆದರೆ ‘ತಿದ್ದು’ ಅಂದರೆ ಸರಿಮಾಡು ಅಂತಲೇ ಇದೆ. ಅಕ್ಷರ ತಿದ್ದು, ಹುಬ್ಬು ತಿದ್ದು, ಸಂವಿಧಾನ ತಿದ್ದುಪಡಿ, ಇವೆಲ್ಲ ಒಂದೇ ಪದವಾ? ಇದು ಸಂಸ್ಕೃತದ ‘ಶುದ್ಧಿ’ಯಿಂದ ಬಂದದ್ದು ಅಂತ ಸ್ನೇಹಿತರೊಬ್ಬರು ಹೇಳುತ್ತಾರೆ. ನಿಜವಾ?

ಉತ್ತರ: ಮೊದಲು ಮಗಳ ಪರವಾಗಿ ಎರಡು ಮಾತು. ಅವಳು ಮಾಡಿದ್ದು ಬುದ್ಧಿ ಇದ್ದವರು ಮಾಡುವ ತಪ್ಪು. ಪುಣೆಯಲ್ಲಿ ಶಾಲೆ, ಬೀದಿ, ಅಂಗಡಿ ಎಲ್ಲ ಕಡೆ ಅವಳ ಕಿವಿಗೆ ಬೀಳುವುದು ಮರಾಠಿ. ಮರಾಠಿಯವರು ಸೈಕಲ್ಲನ್ನೂ ‘ದುರುಸ್ತ್’ ಮಾಡುತ್ತಾರೆ, ಬರೆದದ್ದರಲ್ಲಿ ತಪ್ಪಿದ್ದರೆ ಅದನ್ನೂ ‘ದುರುಸ್ತ್’ ಮಾಡುತ್ತಾರೆ. ಒಂದೇ ಪದದಲ್ಲಿ ಎರಡು ಕೆಲಸ. ಮನೆಯಲ್ಲಿ ನೀವು ‘ತಪ್ಪು ತಿದ್ದು’ ಅಂತ ಹೇಳಿಯೇ ಇರುತ್ತೀರಿ. ತಪ್ಪು ತಿದ್ದಬಹುದಾದರೆ ಸೈಕಲ್ಲನ್ನೂ ತಿದ್ದಬಹುದಲ್ಲ ಅಂತ ಅವಳು ಲೆಕ್ಕ ಹಾಕಿದಳು. ಲೆಕ್ಕದಲ್ಲಿ ತಪ್ಪಿಲ್ಲ. ಕನ್ನಡ ಆ ಲೆಕ್ಕಕ್ಕೆ ಸಿಗಲಿಲ್ಲ, ಅಷ್ಟೇ.

ನಿಮ್ಮ ಸ್ನೇಹಿತರ ಮಾತನ್ನು ಬೇಗ ಮುಗಿಸಿಬಿಡೋಣ. ‘ಶುದ್ಧಿ’ಗೂ ‘ತಿದ್ದು’ಗೂ ಸಂಬಂಧವಿಲ್ಲ. ಸಂಸ್ಕೃತದ ಶಕಾರ ಕನ್ನಡದ ಬಾಯಲ್ಲಿ ಸವೆದರೆ ಸಕಾರ ಆಗುತ್ತದೆ. ಶುದ್ಧ ‘ಸುದ್ದ’ ಆಯಿತು, ಶಂಕೆ ‘ಸಂಕೆ’ ಆಯಿತು. ಉತ್ತರ ಕರ್ನಾಟಕದಲ್ಲಿ ಶಾಲೆಗೆ ‘ಸಾಲಿ’ ಅನ್ನುತ್ತಾರೆ. ‘ತಾಲಿ’ ಅಂದವರನ್ನು ನಾನು ಕಂಡಿಲ್ಲ. ಜೊತೆಗೆ ಶುದ್ಧಿಯ ಉಕಾರ ಇಕಾರ ಆಗೋಕೂ ಕಾರಣ ಬೇಕು. ಇವೆರಡನ್ನೂ ಹೇಗೋ ಒಪ್ಪಿಕೊಂಡರೂ ಕೊನೆಗೆ ಒಂದು ರಕಾರ ಉಳಿಯುತ್ತದೆ. ಶುದ್ಧಿಯಲ್ಲಿ ಅದು ಇಲ್ಲವೇ ಇಲ್ಲ.

ಯಾವ ರಕಾರ? ಹಳಗನ್ನಡದಲ್ಲಿ ಈ ಪದ ‘ತಿರ್ದು’. ಮಧ್ಯದ ರ್ ಆಮೇಲೆ ಪಕ್ಕದ ದಕಾರದಲ್ಲಿ ಕರಗಿತು. ಇದು ಈ ಒಂದು ಪದಕ್ಕೆ ಆದ ವಿಶೇಷವೇನಲ್ಲ. ಇರ್ದಂ ‘ಇದ್ದ’ ಆಯಿತು. ಮರ್ದು ‘ಮದ್ದು’ ಆಯಿತು. ಉರ್ದು ‘ಉದ್ದು’ ಆಯಿತು. (ಇದು ವಡೆಯ ಉದ್ದು. ಉರ್ದು ಭಾಷೆಯ ಹೆಸರು ಬೇರೆ ಕಡೆಯಿಂದ ಬಂದದ್ದು.) ಬಿೞ್ದು (ೞ ಹಳಗನ್ನಡದ ಒಂದು ಅಕ್ಷರ, ಈಗ ಬಳಕೆಯಲ್ಲಿಲ್ಲ) ಮೊದಲು ‘ಬಿರ್ದು’ ಆಗಿ ಆಮೇಲೆ ‘ಬಿದ್ದು’ ಆಯಿತು. ಎೞ್ದು ಕೂಡ ಹಾಗೆಯೇ ‘ಎದ್ದು’ ಆಯಿತು. ಇವತ್ತು ಇದ್ದು, ಬಿದ್ದು, ಎದ್ದು, ತಿದ್ದು ಒಂದೇ ಪ್ರಾಸಕ್ಕೆ ಸಿಗುವುದನ್ನು ನೋಡಿದರೆ ಅಣ್ಣತಮ್ಮಂದಿರ ಹಾಗೆ ಕಾಣುತ್ತವೆ. ಅಸಲಿಗೆ ಬೇರೆ ಬೇರೆ ಮನೆಯವು. ಒಂದೇ ಮಳೆಗೆ ಸಿಕ್ಕಿ ಒಂದೇ ಥರ ತೊಯ್ದಿವೆ.

ಪಕ್ಕದ ತಮಿಳಿನಲ್ಲಿ ಆ ಮಳೆ ಬೀಳಲಿಲ್ಲ. ಹಾಗಾಗಿ ಅಲ್ಲಿ ರಕಾರ, ಕೆಲವು ಕಡೆ ಅದರ ಜಾಗದ ಳಕಾರ, ಒಣಗಿಕೊಂಡು ಹಾಗೆಯೇ ಇದೆ. ನಮ್ಮ ಮದ್ದು ತಮಿಳಿನಲ್ಲಿ ‘ಮರುಂದು’. ನಮ್ಮ ಉದ್ದು ಅವರ ‘ಉಳುಂದು’. ಬೆಂಗಳೂರಿನ ಹೋಟೆಲ್ ಮೆನುವಿನಲ್ಲಿ ‘ಉಳುಂದು ವಡೈ’ ಕಂಡವರಿಗೆ ಇದನ್ನು ಜಾಸ್ತಿ ವಿವರಿಸಬೇಕಾಗಿಲ್ಲ. ಅದೇ ಅಚ್ಚಿನಲ್ಲಿ ನಮ್ಮ ತಿದ್ದು ಅವರ ‘ತಿರುಂದು’.

ಇಲ್ಲಿ ಸ್ವಲ್ಪ ನಿಲ್ಲಬೇಕು. ತಮಿಳಿನಲ್ಲಿರುವುದು ಒಂದು ಪದ ಅಲ್ಲ, ಜೋಡಿ ಪದ. ‘ತಿರುಂದು’ ಅಂದರೆ ತಾನೇ ಸರಿಹೋಗು. ‘ತಿರುತ್ತು’ ಅಂದರೆ ಇನ್ನೊಂದನ್ನು ಸರಿಮಾಡು. ಕುಡಿತ ಬಿಟ್ಟು ಸರಿದಾರಿಗೆ ಬಂದವನು ತಿರುಂದಿದವನು. ಅವನನ್ನು ದಾರಿಗೆ ತಂದ ಹೆಂಡತಿ ತಿರುತ್ತಿದವಳು. ಕನ್ನಡದಲ್ಲಿ ಈ ಜೋಡಿ ಒಡೆದುಹೋಗಿದೆ. ನಮ್ಮಲ್ಲಿ ಉಳಿದದ್ದು ಒಂದೇ. ಮಜಾ ಅಂದರೆ, ಮದ್ದು ಮತ್ತು ಉದ್ದಿನ ದಾರಿ ಹಿಡಿದು ಹೋದರೆ ನಮ್ಮ ತಿರ್ದು ಹೋಲುವುದು ತಿರುಂದನ್ನು. ಆದರೆ ಅದು ಮಾಡುತ್ತಿರುವುದು ತಿರುತ್ತುವಿನ ಕೆಲಸ. ತಮ್ಮನ ಅಂಗಿ ತೊಟ್ಟು ಅಣ್ಣನ ಡ್ಯೂಟಿ ಮಾಡಿದ ಹಾಗೆ. ಹಾಗಾದರೆ ತಮ್ಮನ ಕೆಲಸಕ್ಕೆ ನಾವು ಏನು ಮಾಡಿದೆವು? ‘ಕೊ’ ಸೇರಿಸಿದೆವು. ‘ಅವನು ತಿದ್ದಿದ’ ಅಂದರೆ ಏನನ್ನು ಅಂತ ಕೇಳುತ್ತೇವೆ. ‘ಅವನು ತಿದ್ದಿಕೊಂಡ’ ಅಂದರೆ ವಿಷಯ ಮುಗಿಯಿತು.

ಹಳೆಯ ತಮಿಳು ಕಾವ್ಯದಲ್ಲಿ ಹೆಣ್ಣನ್ನು ‘ತಿರುಂದಿೞೈ’ ಅಂತ ಕರೆಯುವುದು ಮತ್ತೆ ಮತ್ತೆ ಬರುತ್ತದೆ. ಇೞೈ ಅಂದರೆ ಒಡವೆ. ಚೆನ್ನಾಗಿ ಮಾಡಿದ, ಎಲ್ಲೂ ಕುಂದಿಲ್ಲದ ಒಡವೆ ತೊಟ್ಟವಳು ಅಂತ ಅರ್ಥ. ಇಲ್ಲಿ ತಪ್ಪಿನ ಸುದ್ದಿಯೇ ಇಲ್ಲ ನೋಡಿ. ಅಕ್ಕಸಾಲಿಗ ಮೊದಲು ಕೆಡಿಸಿ ಆಮೇಲೆ ಸರಿಮಾಡಿದ ಅಂತ ಯಾರೂ ಹೇಳುತ್ತಿಲ್ಲ. ಕೈ ಸರಿಯಾಗಿ ಆಡಿದೆ, ರೂಪ ಸರಿಯಾಗಿ ಬಂದಿದೆ, ಅಷ್ಟೇ. ಕಾಡು ಕಡಿದು ಹೊಲ ಮಾಡುವುದಕ್ಕೂ ತಮಿಳರು ‘ತಿರುತ್ತು’ ಅನ್ನುತ್ತಾರೆ. ಅಯ್ಯಂಗಾರ್ ಮನೆಗಳ ತಮಿಳಿನಲ್ಲಿ ತರಕಾರಿ ಹೆಚ್ಚುವುದಕ್ಕೂ ಇದೇ ಪದ. ಬದನೆಕಾಯಿಯಲ್ಲಿ ಏನು ತಪ್ಪಿತ್ತು ತಿದ್ದೋಕೆ? ಏನೂ ಇಲ್ಲ. ಅಡುಗೆಗೆ ಹದವಾಗುವ ಹಾಗೆ ಅದಕ್ಕೊಂದು ರೂಪ ಕೊಡುತ್ತಿದ್ದಾರೆ. ಮಲಯಾಳಂನಲ್ಲಿ ‘ತಿರುತ್ತು’ ಅಂದರೆ ಬರವಣಿಗೆಯ ತಿದ್ದುಪಡಿ. ತೆಲುಗಿನಲ್ಲಿ ಮೊದಲಕ್ಷರವೂ ಮೆತ್ತಗಾಗಿ ‘ದಿದ್ದು’ ಆಗಿದೆ. ಕೋಲಾರ, ಪಾವಗಡದ ಕಡೆ ತೆಲುಗು ಮನೆಮಾತಿನವರು ಹಣೆಗೆ ಬೊಟ್ಟು ದಿದ್ದುತ್ತಾರೆ, ಮಕ್ಕಳು ಅಕ್ಷರ ದಿದ್ದುತ್ತಾರೆ. ನಮ್ಮ ಬಳಕೆಗೆ ಅತಿ ಹತ್ತಿರದ್ದು ಇದೇ.

ಭಾಷಾತಜ್ಞರಾದ ಬರೋ ಮತ್ತು ಎಮೆನೋ ಸೇರಿ 1961ರಲ್ಲಿ ತಂದ ದ್ರಾವಿಡ ಪದಮೂಲ ನಿಘಂಟು ಈ ನಾಲ್ಕೂ ಭಾಷೆಯ ಪದಗಳನ್ನು ಒಂದೇ ಗುಂಪಿನಲ್ಲಿ ಇಡುತ್ತದೆ. 1984ರ ಎರಡನೇ ಆವೃತ್ತಿಯಲ್ಲೂ ಹಾಗೆಯೇ ಇದೆ. ‘ತಿರುಗು, ತಿರುವು’ ಗುಂಪನ್ನು ಅದು ಬೇರೆಯಾಗಿ ಇಟ್ಟಿದೆ. ಇದನ್ನು ಯಾಕೆ ಹೇಳಿದೆ ಅಂದರೆ, ‘ತಿರುವಿ ನೆಟ್ಟಗೆ ಮಾಡುವುದೇ ತಿದ್ದು’ ಅಂತ ಇನ್ನೊಬ್ಬ ಸ್ನೇಹಿತರು ನಿಮಗೆ ನಾಳೆ ಹೇಳಬಹುದು. ತಿರುಪತಿಯ ‘ತಿರು’ ಅಂತ ಮೂರನೆಯವರು ಹೇಳಬಹುದು. ಕೇಳಿ ಸುಮ್ನೆ ಇದ್ದುಬಿಡಿ.

ಈಗ ಅರ್ಥಕ್ಕೆ ಬರೋಣ. ನನ್ನ ತೀರ್ಮಾನ ಮೊದಲೇ ಹೇಳುತ್ತೇನೆ. ಕನ್ನಡದ ‘ತಿದ್ದು’ವಿಗೆ ಒಂದು ಗೆರೆ ಬೇಕು. ಗೆರೆ ಮೊದಲೇ ಇರಬೇಕು. ಅದರ ಮೇಲೆ ಕೈ ಇನ್ನೊಮ್ಮೆ ಓಡಬೇಕು. ಈ ಒಂದು ಚಿತ್ರ ಮನಸ್ಸಿನಲ್ಲಿದ್ದರೆ ನೀವು ಕೇಳಿದ ಎಲ್ಲ ಬಳಕೆಗಳೂ ಸಾಲಾಗಿ ಬಂದು ನಿಲ್ಲುತ್ತವೆ.

ನನ್ನ ಮೊದಲ ತಿದ್ದು ಸ್ಲೇಟಿನ ಮೇಲೆ. ಮರದ ಚೌಕಟ್ಟಿನ ಕಲ್ಲು ಸ್ಲೇಟು, ಒಂದು ಮೂಲೆ ಒಡೆದಿತ್ತು. ಮೇಷ್ಟ್ರು ಸ್ಲೇಟಿನ ತುಂಬ ಒಂದೇ ಒಂದು ‘ಅ’ ಬರೆದುಕೊಟ್ಟು ‘ತಿದ್ದು’ ಅಂತ ಹೇಳಿ ಮುಂದಿನ ಹುಡುಗನ ಕಡೆ ಹೋಗುತ್ತಿದ್ದರು. ನಾವು ಬಳಪವನ್ನು ಮುಷ್ಟಿಯಲ್ಲಿ ಹಿಡಿದು ಅದರ ಮೇಲೆ ಹೋಗುತ್ತಿದ್ದೆವು. ಮೊದಲ ಸಲ ಗೆರೆ ಆಚೆ ಈಚೆ ಹೋಗುತ್ತಿತ್ತು. ಹತ್ತನೇ ಸಲಕ್ಕೆ ಅಕ್ಷರ ಹಗ್ಗದಷ್ಟು ದಪ್ಪ. ಇಪ್ಪತ್ತನೇ ಸಲಕ್ಕೆ ಮೇಷ್ಟ್ರ ಅ ಎಲ್ಲಿದೆ, ನಮ್ಮದು ಎಲ್ಲಿದೆ ಅಂತ ಹೇಳೋಕಾಗುತ್ತಿರಲಿಲ್ಲ. ಮೇಷ್ಟ್ರು ವಾಪಸ್ ಬಂದಾಗ ಒದ್ದೆ ಬಟ್ಟೆಯಲ್ಲಿ ಒರೆಸಿ ಇನ್ನೊಂದು ಬರೆದುಕೊಡುತ್ತಿದ್ದರು. ಬಟ್ಟೆ ಇಲ್ಲದವರಿಗೆ ಎಂಜಲು ಇತ್ತು. ಕೆಲವರ ಕೈ ಬಗ್ಗುತ್ತಲೇ ಇರಲಿಲ್ಲ. ಅಂಥವರ ಹಿಂದೆ ಕೂತು, ಅವರ ಮುಷ್ಟಿಯನ್ನು ತಮ್ಮ ಕೈಯಲ್ಲಿ ಹಿಡಿದು ಮೇಷ್ಟ್ರೇ ಓಡಿಸುತ್ತಿದ್ದರು. ಅದು ‘ತಿದ್ದಿಸುವುದು’.

ಇಲ್ಲಿ ತಪ್ಪು ಎಲ್ಲಿದೆ ಹೇಳಿ? ಮೇಷ್ಟ್ರ ‘ಅ’ ಸರಿಯಾಗಿಯೇ ಇತ್ತು. ಮಗು ಅದನ್ನು ಸರಿಮಾಡುತ್ತಿಲ್ಲ. ನಿಜ ಹೇಳಬೇಕೆಂದರೆ ಕೆಡಿಸುತ್ತಿದೆ. ಆದರೂ ನಾವು ತಿದ್ದು ಅನ್ನುತ್ತೇವೆ. ವಿಜಯದಶಮಿಯ ದಿನ ತಟ್ಟೆಯ ಅಕ್ಕಿಯ ಮೇಲೆ ಮಗುವಿನ ಬೆರಳು ಹಿಡಿದು ಓಡಿಸುವಾಗಲೂ ಅದೇ ಪದ. ಗೆರೆ ಇದೆ, ಕೈ ಅದರ ಮೇಲೆ ಹೋಗುತ್ತಿದೆ. ಅಷ್ಟಿದ್ದರೆ ಕನ್ನಡಕ್ಕೆ ಸಾಕು. ಬಗ್ಗಬೇಕಾದದ್ದು ಆ ಪುಟ್ಟ ಕೈ ಅನ್ನುವುದು ಎಲ್ಲರಿಗೂ ಗೊತ್ತು.

ಹುಬ್ಬು, ಕಾಡಿಗೆ, ತಿಲಕ, ಈ ಮೂರೂ ಹೀಗೆಯೇ. ಹುಬ್ಬಿನ ಗೆರೆಯನ್ನು ದೇವರು ಎಳೆದಿರುತ್ತಾನೆ. ಅದರ ಮೇಲೆ ಕಪ್ಪು ಹಚ್ಚಿದ ಕಡ್ಡಿ ಹೋಗುತ್ತದೆ. ಕಣ್ಣಿನ ಅಂಚಿನ ಮೇಲೆ ಕಾಡಿಗೆ ಹೋಗುತ್ತದೆ. ‘ತಿದ್ದಿ ತೀಡಿದ ಹುಬ್ಬು’ ಅಂತ ಹೇಳುವಾಗ ಹಿಂದೆ ಕೆಟ್ಟ ಹುಬ್ಬಿತ್ತು ಅಂತ ಯಾರೂ ಯೋಚಿಸುವುದಿಲ್ಲ. ತಮಿಳಿನ ಆ ಕುಂದಿಲ್ಲದ ಒಡವೆಯ ಹಳೇ ಅರ್ಥ ಇಲ್ಲಿ ಇನ್ನೂ ಉಸಿರಾಡುತ್ತಿದೆ ಅಂತ ನನಗೆ ಅನಿಸುತ್ತದೆ. ಈಗಿನ ಹುಡುಗಿಯರು ಪಾರ್ಲರಿಗೆ ಹೋಗಿ ‘ಐಬ್ರೋ ಮಾಡಿಸ್ಕೊಂಡು’ ಬರುತ್ತಾರೆ. ಅಲ್ಲಿ ದಾರದಲ್ಲಿ ಕೂದಲು ಕೀಳುತ್ತಾರೆ. ಕೀಳುವುದಕ್ಕೆ ತಿದ್ದು ಅನ್ನೋಕೆ ಅವರಿಗೆ ಮನಸ್ಸು ಬರುವುದಿಲ್ಲವೇನೋ.

ಜೊತೆಯಲ್ಲಿ ಬಂದ ‘ತೀಡು’ ಬೇರೆ ಪದ. ಅದು ಉಜ್ಜುವುದು, ಸವರುವುದು. ಗಂಧ ತೀಡುತ್ತಾರೆ, ಮುಂಗುರುಳು ತೀಡುತ್ತಾರೆ, ತಂಗಾಳಿ ತೀಡುತ್ತದೆ. ತಮಿಳಿನಲ್ಲಿ ‘ತೀಟ್ಟು’. ತಿದ್ದುವಾಗ ಕೈ ಗೆರೆ ಹಿಡಿದು ಹೋಗುತ್ತದೆ, ತೀಡುವಾಗ ಮೈ ಮೇಲೆಲ್ಲ ಆಡುತ್ತದೆ. ಎರಡೂ ಕೂಡಿದರೆ ಕೆಲಸ ಪೂರ್ತಿ. ಅದಕ್ಕೇ ಮಕ್ಕಳನ್ನು ‘ತಿದ್ದಿ ತೀಡಿ’ ಬೆಳೆಸುತ್ತೇವೆ.

ಇನ್ನು ಮೇಷ್ಟ್ರುಗಳ ‘ಪೇಪರ್ ತಿದ್ದೋದು’. ಬೇಸಿಗೆಯಲ್ಲಿ ಯಾವ ಹೈಸ್ಕೂಲು ಮೇಷ್ಟ್ರ ಮನೆಗೆ ಹೋದರೂ ‘ಪೇಪರ್ ತಿದ್ದೋಕೆ ಹೋಗಿದ್ದಾರೆ’ ಅನ್ನುವ ಉತ್ತರ ಸಿಗುತ್ತದೆ. ಸರ್ಕಾರಿ ಭಾಷೆಯಲ್ಲಿ ಅದು ಮೌಲ್ಯಮಾಪನ. ಯಾರೋ ಬರೆದ ಸಾಲಿನ ಮೇಲೆ ಕೆಂಪು ಶಾಯಿ ಓಡುತ್ತದೆ, ಅಂಕ ಬೀಳುತ್ತದೆ. ಬರೆದವನು ಆ ಪೇಪರನ್ನು ಮತ್ತೆ ನೋಡುವುದು ಅಪರೂಪ. ಅವನ ತಪ್ಪು ಸರಿಹೋಯಿತಾ ಅಂದರೆ ಇಲ್ಲ. ಪೇಪರು ಮಾತ್ರ ತಿದ್ದಿ ಮುಗಿದಿದೆ.

ಇಷ್ಟು ಹೊತ್ತು ಒಳ್ಳೆಯ ಕೈಗಳ ಮಾತಾಯಿತು. ಕೆಟ್ಟ ಕೈಯೂ ತಿದ್ದುತ್ತದೆ. ‘ಅಂಕಪಟ್ಟಿ ತಿದ್ದಿ ಕೆಲಸ ಗಿಟ್ಟಿಸಿದ್ದ’ ಅಂತ ಪತ್ರಿಕೆಯಲ್ಲಿ ಓದಿದರೆ ಅಂಕಪಟ್ಟಿಯ ತಪ್ಪು ಸರಿಮಾಡಿಸಿದ ಅಂತ ನೀವು ತಿಳಿಯುತ್ತೀರಾ? ಇಲ್ಲ. 3 ಇದ್ದದ್ದು 8 ಆಗಿದೆ ಅಂತ ಕೂಡಲೇ ಗೊತ್ತಾಗುತ್ತದೆ. ಜನ್ಮ ದಿನಾಂಕ ತಿದ್ದಿದ, ಚೆಕ್ ತಿದ್ದಿದ, ಲೆಕ್ಕದ ಪುಸ್ತಕ ತಿದ್ದಿದ, ಎಲ್ಲವೂ ಮೋಸ. ತಿದ್ದು ಅಂದರೆ ಬರೀ ಸರಿಮಾಡು ಅಂತಿದ್ದರೆ ಈ ಅರ್ಥ ಹುಟ್ಟುತ್ತಲೇ ಇರಲಿಲ್ಲ. ಇರುವ ಗೆರೆಯ ಮೇಲೆ ಕೈ ಓಡಿಸುವುದು ಅಂತ ಹಿಡಿದರೆ ಇದು ಸಹಜವಾಗಿ ಬರುತ್ತದೆ. 3ರ ಮೇಲೆ ಕೈ ಓಡಿತು, 8 ಆಯಿತು.

ಇದರಿಂದ ನನಗೆ ಒಮ್ಮೆ ಪೇಚಾಟ ಆಗಿತ್ತು. ಒಂದು ಕಚೇರಿಯ ಕೌಂಟರಿನಲ್ಲಿ ಅರ್ಜಿ ಕೊಡುವಾಗ ನನ್ನ ತಂದೆಯ ಹೆಸರಿನಲ್ಲಿ ಒತ್ತಕ್ಷರ ಬಿಟ್ಟದ್ದು ಕಂಡಿತು. ಜೇಬಿನಿಂದ ಪೆನ್ನು ತೆಗೆದೆ. ಒಳಗಿದ್ದಾಕೆ ಗಾಬರಿಯಿಂದ ಕೈ ಅಡ್ಡ ಇಟ್ಟರು. ‘ಸಾರ್, ತಿದ್ದಬೇಡಿ! ತಿದ್ದಿದ್ರೆ ತಗೊಳ್ಳಲ್ಲ. ತಿದ್ದುಪಡಿಗೆ ಬೇರೆ ಫಾರಂ ಇದೆ.’ ನಾನು ನಕ್ಕೆ. ಅವರು ನಗಲಿಲ್ಲ. ಅವರ ಲೆಕ್ಕದಲ್ಲಿ ಅದರಲ್ಲಿ ತಮಾಷೆ ಏನೂ ಇರಲಿಲ್ಲ. ತಿದ್ದುವುದು ಅಪರಾಧ, ತಿದ್ದುಪಡಿ ಕಾನೂನು. ಫಾರಂ ತುಂಬಿ ನಾಲ್ಕು ವಾರ ಕಾದೆ. ಒತ್ತಕ್ಷರ ಬಂತು, ಈ ಸಲ ದೀರ್ಘ ಬಿಟ್ಟುಹೋಗಿತ್ತು.

ಆ ಮಹಿಳೆ ಹೇಳಿದ ವ್ಯತ್ಯಾಸ ವ್ಯಾಕರಣದಲ್ಲೂ ಇದೆ. ‘ತಿದ್ದು’ ಕೇಳುವುದು ‘ಅನ್ನು’ ವಿಭಕ್ತಿಯನ್ನು: ಪಹಣಿಯನ್ನು ತಿದ್ದಿದ, ಕಾನೂನನ್ನು ತಿದ್ದಿದರು. ‘ತಿದ್ದುಪಡಿ’ ಸಾಮಾನ್ಯವಾಗಿ ಬರುವುದು ‘ಗೆ, ಕ್ಕೆ’ ಜೊತೆ: ಪಹಣಿಗೆ ತಿದ್ದುಪಡಿ, ಸಂವಿಧಾನಕ್ಕೆ ತಿದ್ದುಪಡಿ. ನಮ್ಮ ಸಂವಿಧಾನಕ್ಕೆ ಮೊದಲ ತಿದ್ದುಪಡಿ ಬಂದದ್ದು 1951ರಲ್ಲಿ. ಪಂಚಾಯಿತಿಗಳಿಗೆ ಬಲ ಕೊಟ್ಟ 73ನೇ ತಿದ್ದುಪಡಿ 1993ರಲ್ಲಿ ಜಾರಿಯಾಯಿತು. ಇವನ್ನು ಹೇಳುವಾಗ ನಾವು ‘ತಿದ್ದುಪಡಿ ತಂದರು’ ಅನ್ನುತ್ತೇವೆ. ಅದನ್ನೇ ‘ಸಂವಿಧಾನವನ್ನು ತಿದ್ದಿದರು’ ಅಂತ ಹೇಳಿ ನೋಡಿ. ಹೇಳಿದವರಿಗೆ ಅದು ಇಷ್ಟವಾಗಲಿಲ್ಲ ಅನ್ನುವ ವಾಸನೆ ಬರುತ್ತದೆ. ಒಂದರಲ್ಲಿ ಹೊರಗಿನಿಂದ ಏನನ್ನೋ ತಂದು ಸೇರಿಸಿದ ಹಾಗೆ. ಇನ್ನೊಂದರಲ್ಲಿ ಒಳಗೇ ಕೈ ಹಾಕಿದ ಹಾಗೆ.

ಸರ್ಕಾರದ ಕಡತದಲ್ಲಿ ಇನ್ನೊಂದು ಮುದ್ದಾದ ಪದ ಇದೆ, ‘ತಿದ್ದೋಲೆ’. ಅಧಿಸೂಚನೆಯಲ್ಲಿ ದಿನಾಂಕವೋ ಹುದ್ದೆಯ ಸಂಖ್ಯೆಯೋ ತಪ್ಪಾಗಿ ಅಚ್ಚಾದರೆ ‘ಹೀಗೆ ಇರುವುದನ್ನು ಹೀಗೆ ಓದಿಕೊಳ್ಳತಕ್ಕದ್ದು’ ಅಂತ ಹೊರಡುವ ಹಾಳೆ ಅದು. ತಿದ್ದುಪಡಿ ಬದಲಿಸುವುದು ನಿಯಮವನ್ನು. ತಿದ್ದೋಲೆ ಸರಿಮಾಡುವುದು ಕೈತಪ್ಪನ್ನು. ಸರ್ಕಾರಿ ಕೆಲಸಕ್ಕೆ ಅರ್ಜಿ ಹಾಕಿದ ಹುಡುಗರಿಗೆಲ್ಲ ಈ ಪದ ಬಾಯಿಪಾಠ. ಅದರೊಳಗೆ ಓಲೆ ಇದೆ, ತಾಳೆಗರಿಯ ಓಲೆ. ಕಂಪ್ಯೂಟರಿನಲ್ಲಿ ಪಿಡಿಎಫ್ ಆಗಿ ಬಂದರೂ ಅದು ಓಲೆಯೇ.

ತಾಳೆಗರಿಯ ಮೇಲೆ ತಿದ್ದುವುದು ಸುಲಭ ಇರಲಿಲ್ಲ. ಕಂಠ ಅನ್ನುವ ಕಬ್ಬಿಣದ ಮೊನೆಯಲ್ಲಿ ಗೀರಿ ಬರೆಯಬೇಕು, ಆಮೇಲೆ ಕಪ್ಪು ಸವರಬೇಕು. ಗೀರಿದ್ದು ಗೀರಿದ್ದೇ. ಒರೆಸೋಕಾಗಲ್ಲ, ಮೇಲೆ ಗೀರಿದರೆ ಚಿತ್ತು. ಅಕ್ಷರ ಬಿಟ್ಟುಹೋದರೆ ಹಂಸಪಾದ ಹಾಕಿ ಸೇರಿಸುತ್ತಿದ್ದರು. ಆ ಗುರುತನ್ನು ಕರಡು ತಿದ್ದುವವರು ಇವತ್ತಿಗೂ ಬಳಸುತ್ತಾರೆ. ಕುಮಾರವ್ಯಾಸ ತನ್ನ ಭಾರತದ ಆರಂಭದಲ್ಲಿ ‘ಹಲಗೆ ಬಳಪವ ಪಿಡಿಯದೊಂದಗ್ಗಳಿಕೆ, ಪದವಿಟ್ಟಳುಪದೊಂದಗ್ಗಳಿಕೆ’ ಅಂತ ಹೆಮ್ಮೆಯಿಂದ ಹೇಳಿಕೊಂಡದ್ದು ಇದೇ ಹಿನ್ನೆಲೆಯಲ್ಲಿ. ಹಲಗೆಯ ಮೇಲೆ ಬಳಪದಲ್ಲಿ ಕರಡು ಬರೆದುಕೊಳ್ಳಲಿಲ್ಲ, ಇಟ್ಟ ಪದವನ್ನು ಅಳಿಸಲಿಲ್ಲ ಅಂತ. ಅವನು ‘ತಿದ್ದಲಿಲ್ಲ’ ಅನ್ನದೆ ‘ಅಳುಪಲಿಲ್ಲ’ ಅಂದ. ಅಳಿಸಿದರೆ ಗೆರೆ ಹೋಗುತ್ತದೆ. ತಿದ್ದಿದರೆ ಗೆರೆ ಉಳಿಯುತ್ತದೆ.

ಗೆರೆ ಅಂದರೆ ಶಾಯಿಯ ಗೆರೆಯೇ ಆಗಬೇಕಿಲ್ಲ. ನಡೆಯೂ ಒಂದು ಗೆರೆ. ಅದು ನೆಟ್ಟಗಿರುತ್ತದೆ ಅಥವಾ ಡೊಂಕಾಗಿರುತ್ತದೆ. ಬಸವಣ್ಣನವರ ‘ಲೋಕದ ಡೊಂಕ ನೀವೇಕೆ ತಿದ್ದುವಿರಿ’ ವಚನ ಶಾಲೆಗೆ ಹೋದ ಎಲ್ಲರಿಗೂ ಬರುತ್ತದೆ. ಅದು 12ನೇ ಶತಮಾನದ ಮಾತು. ಅಲ್ಲಿ ‘ತಿರ್ದುವಿರಿ’ ಇಲ್ಲ, ‘ತಿದ್ದುವಿರಿ’ ಇದೆ. ಆದರೆ ಇದನ್ನೇ ಹಿಡಿದು ಆಗಲೇ ರಕಾರ ಹೋಗಿತ್ತು ಅಂತ ನಾನು ಹೇಳುವುದಿಲ್ಲ. ವಚನಗಳ ಪ್ರತಿಗಳು ಆಮೇಲಿನ ಕಾಲದವು. ನಕಲು ಮಾಡಿದವರು ತಮ್ಮ ಬಾಯಿಗೆ ತಕ್ಕ ಹಾಗೆ ಬರೆದಿರಬಹುದು. ಅಂದರೆ, ತಿದ್ದಿರಬಹುದು.

ನನಗೆ ಆ ವಚನದಲ್ಲಿ ಇಷ್ಟವಾಗುವುದು ಮುಂದಿನ ಸಾಲು. ಭಾಷಣಗಳಲ್ಲಿ ಇದನ್ನು ‘ಲೋಕದ ಡೊಂಕು ಬಿಡಿ, ನಿಮ್ಮ ನಿಮ್ಮ ಮನಸ್ಸನ್ನು ತಿದ್ದಿಕೊಳ್ಳಿ’ ಅಂತ ಹೇಳುವವರಿದ್ದಾರೆ. ಬಸವಣ್ಣ ಹಾಗೆ ಹೇಳಿಲ್ಲ. ‘ನಿಮ್ಮ ನಿಮ್ಮ ತನುವ ಸಂತೈಸಿಕೊಳ್ಳಿ, ನಿಮ್ಮ ನಿಮ್ಮ ಮನವ ಸಂತೈಸಿಕೊಳ್ಳಿ’ ಅಂದಿದ್ದಾರೆ. ತಿದ್ದು ಪದ ಪಕ್ಕದಲ್ಲೇ ಇತ್ತು. ಸುಲಭವಾಗಿ ಇನ್ನೊಮ್ಮೆ ಬಳಸಬಹುದಿತ್ತು. ಬಳಸಲಿಲ್ಲ. ಡೊಂಕನ್ನು ನೆಟ್ಟಗೆ ಮಾಡುವ ಪದವನ್ನು ಲೋಕಕ್ಕೆ ಬಿಟ್ಟು, ತನಗೆ ಬಂದಾಗ ಸಂತೈಸುವ ಪದ ಹಿಡಿದರು. ಅಳುವ ಮಗುವನ್ನು ಸಂತೈಸುತ್ತೇವಲ್ಲ, ಆ ಪದ. ಮಾತು ಒರಟಾಗಬಹುದಾಗಿದ್ದ ಜಾಗದಲ್ಲಿ ಮೆತ್ತಗಾಗಿದೆ. ಸನ್ಮಾನದ ವೇದಿಕೆಗಳಲ್ಲಿ ‘ಸಮಾಜದ ಅಂಕುಡೊಂಕು ತಿದ್ದುವ’ ಗಣ್ಯರ ಬಗ್ಗೆ ಕೇಳಿ ಕೇಳಿ ಸಾಕಾದಾಗಲೆಲ್ಲ ನನಗೆ ಈ ಸಾಲು ನೆನಪಾಗುತ್ತದೆ.

ಮನುಷ್ಯರನ್ನು ತಿದ್ದುವಾಗ ಈ ಪದಕ್ಕೆ ಮೇಲು ಕೆಳಗು ಬರುತ್ತದೆ. ಅಪ್ಪ ಮಗನನ್ನು ತಿದ್ದುತ್ತಾನೆ. ಮಗ ಅಪ್ಪನನ್ನು ತಿದ್ದಿದರೆ ಮನೆಯಲ್ಲಿ ಜಗಳ. ‘ನನ್ನನ್ನ ತಿದ್ದೋಕೆ ನೀನ್ಯಾರು?’ ಅನ್ನುವ ಪ್ರಶ್ನೆ ಬಂದೇ ಬರುತ್ತದೆ. ಅದಕ್ಕೇ ವಿನಯ ತೋರಿಸಬೇಕಾದಾಗ ನಾವೇ ಮುಂದಾಗಿ ‘ತಪ್ಪಿದ್ದರೆ ತಿದ್ದಿ’ ಅಂತ ಕೈಗೆ ಬಳಪ ಕೊಟ್ಟುಬಿಡುತ್ತೇವೆ. ಕೊಟ್ಟವರು ನಿಜವಾಗಲೂ ತಿದ್ದಿಸಿಕೊಳ್ಳುತ್ತಾರಾ ಅನ್ನುವುದು ಬೇರೆ ಮಾತು.

ಹಾಗಾದರೆ ಸೈಕಲ್? ಚೈನ್ ಕಳಚಿದೆ. ಅಲ್ಲಿ ಎಳೆದ ಗೆರೆ ಇಲ್ಲ, ನಡೆ ಇಲ್ಲ, ರೂಪ ಕೆಟ್ಟಿಲ್ಲ. ಕೆಲಸ ನಿಂತಿದೆ. ನಿಂತ ಕೆಲಸವನ್ನು ಮತ್ತೆ ಓಡಿಸುವುದಕ್ಕೆ ಕನ್ನಡದ ಅಂಗಡಿಯಲ್ಲಿ ಬೇರೆ ಸಾಮಾನುಗಳಿವೆ. ‘ಸರಿ’ ಇದೆ: ಸರಿಮಾಡು, ಸರಿಪಡಿಸು. ಇಂಗ್ಲಿಷಿನಿಂದ ಬಂದ ‘ರಿಪೇರಿ’ ಇದೆ. ಅದಿಲ್ಲದೆ ನಮ್ಮ ಯಾವ ಗ್ಯಾರೇಜೂ ನಡೆಯುವುದಿಲ್ಲ. ಫಾರಸಿಯ ‘ದುರಸ್ತಿ’ ಇದೆ, ನಿಮ್ಮ ಮರಾಠಿಯ ದುರುಸ್ತ್ ಕೂಡ ಅದೇ. ಆದರೆ ಕನ್ನಡಕ್ಕೆ ಬಂದ ಮೇಲೆ ಅದು ರಸ್ತೆ, ಕೆರೆ ಏರಿ, ಶಾಲೆಯ ಮಾಡು, ಭೂಮಾಪನೆಯವರ ‘ಪೋಡಿ ದುರಸ್ತಿ’ ಕಡೆ ಹೋಯಿತು. ಬರವಣಿಗೆಯ ಹತ್ತಿರ ಬರಲಿಲ್ಲ, ಯಾಕೆಂದರೆ ಅಲ್ಲಿ ತಿದ್ದು ಆಗಲೇ ಕೂತಿತ್ತು. ಬಟ್ಟೆ ಹರಿದರೆ ತೇಪೆ ಹಾಕುತ್ತೇವೆ. ಕಡ್ಡಿ ಬಗ್ಗಿದರೆ ನೆಟ್ಟಗೆ ಮಾಡುತ್ತೇವೆ. ‘ಸುಧಾರಿಸು’ ಅಂತ ಇನ್ನೊಂದು ಇದೆ. ಸರ್ಕಾರದ ಬಾಯಲ್ಲಿ ಅದು ದೊಡ್ಡ ದೊಡ್ಡ ಸುಧಾರಣೆ. ಮನೆಯಲ್ಲಿ ಮಾತ್ರ, ಮೆಟ್ಟಿಲು ಹತ್ತಿ ಏದುಸಿರು ಬಿಡುತ್ತಾ ಬಂದವರಿಗೆ ‘ಸ್ವಲ್ಪ ಸುಧಾರಿಸಿಕೊಳ್ಳಿ’ ಅಂತ ನೀರು ಕೊಡುತ್ತೇವೆ.

ಮಗಳಿಗೆ ಇಷ್ಟೆಲ್ಲ ಹೇಳಬೇಡಿ. ಒಂದು ಕಾಗದದಲ್ಲಿ ನೀವೇ ಸೈಕಲ್ಲಿನ ಚಿತ್ರ ಬರೆದುಕೊಡಿ, ಪೆನ್ಸಿಲಿನಲ್ಲಿ, ತಿಳಿಯಾಗಿ. ಅದರ ಮೇಲೆ ಬಣ್ಣದ ಕಡ್ಡಿ ಓಡಿಸು ಅಂತ ಹೇಳಿ. ಓಡಿಸಿ ಮುಗಿದ ಮೇಲೆ ‘ಈಗ ನೋಡು, ನೀನು ಸೈಕಲ್ ತಿದ್ದಿದೆ’ ಅನ್ನಿ. ಆಮೇಲೆ ಕೆಳಗೆ ಹೋಗಿ ಚೈನ್ ಹಾಕಿ ರಿಪೇರಿ ಮಾಡಿಕೊಡಿ. ಅಜ್ಜಿಯನ್ನೂ ಕರೆದುಕೊಂಡು ಹೋಗಿ. ಅವರು ಯಾಕೆ ನಕ್ಕರು ಅನ್ನುವುದು ಅವಳಿಗೆ ಅಲ್ಲೇ ಗೊತ್ತಾಗುತ್ತದೆ.